ಬಾಡಿಗೆ ಕಟ್ಟಲಾರದವನ ಪ್ಯಾರಿಸ್

ಫ್ರೆಂಚ್ ಕವಿ ಬೋದಿಲೇರ್ ಅಂದ ತಕ್ಷಣ ನಮ್ಮ ತಲೇಲಿ ಬರೋ ಚಿತ್ರ ಒಂದಿದೆ ನೋಡಿ, ಕಪ್ಪು ಕೋಟು ಹಾಕ್ಕೊಂಡು, ಯಾವ ಅರ್ಜೆಂಟೂ ಇಲ್ದೆ, ಅಂಗಡಿ ಗಾಜಿನೊಳಗೆ ಇಣುಕ್ತಾ ಪ್ಯಾರಿಸ್ ಬೀದಿ ಸುತ್ತೋ ಒಬ್ಬ ಶೋಕಿಲಾಲ. ಈ ಚಿತ್ರಕ್ಕೆ ಬಣ್ಣ ಬಳಿದೋರಲ್ಲಿ ದೊಡ್ಡವನು ಜರ್ಮನ್ ವಿಮರ್ಶಕ ವಾಲ್ಟರ್ ಬೆಂಜಮಿನ್. 1840ರ ಸುಮಾರಿಗೆ ಪ್ಯಾರಿಸ್ಸಿನ ಅಂಗಡಿ ಸಾಲುಗಳಲ್ಲಿ ಆಮೆಗೆ ಹಗ್ಗ ಕಟ್ಕೊಂಡು ವಾಕಿಂಗ್ ಕರ್ಕೊಂಡು ಹೋಗೋದು ಫ್ಯಾಷನ್ ಆಗಿತ್ತು ಅಂತ ಅವನು ಬರೆದಿದ್ದಾನೆ, ಆಮೆ ಎಷ್ಟು ನಿಧಾನವೋ ಇವರೂ ಅಷ್ಟು ನಿಧಾನ. ಓದೋಕೆ ಚೆನ್ನಾಗಿದೆ, ಆದರೆ ಇವತ್ತೊಂದಿನ ಆ ಆಮೆಯವರನ್ನ ಪಕ್ಕಕ್ಕಿಡಿ ಅಂತ ನಿಮ್ಮನ್ನ ಕೇಳ್ಕೋತೀನಿ. ಯಾಕಂದ್ರೆ ನಾನು ಓದಿದಷ್ಟರಲ್ಲಿ ಬೋದಿಲೇರ್ ಬೀದಿ ಸುತ್ತಿದ್ದು ಟೈಮ್ ಜಾಸ್ತಿಯಾಗಿ ಅಲ್ಲ, ಮನೇಲಿ ಕೂರೋಕೆ ಆಗ್ತಾ ಇರಲಿಲ್ಲ ಆ ಮನುಷ್ಯನಿಗೆ. ಬಾಗಿಲು ತಟ್ಟೋರು ಸಾಲ ಕೊಟ್ಟೋರು.

ಮೊದಲು ದುಡ್ಡಿನ ವಿಷಯ ಮುಗಿಸಿಬಿಡ್ತೀನಿ, ಸಾಹಿತ್ಯದ ಭಾಷಣದಲ್ಲಿ ದುಡ್ಡಿನ ವಿಷಯ ಯಾಕಪ್ಪಾ ಅನ್ಬೇಡಿ, ಇದಿಲ್ದೆ ಮುಂದಿಂದು ಅರ್ಥ ಆಗಲ್ಲ. 1821ರ ಏಪ್ರಿಲ್ 9ಕ್ಕೆ ಪ್ಯಾರಿಸ್ಸಲ್ಲೇ ಹುಟ್ಟಿದ್ದು. ಆರು ತುಂಬೋ ಮೊದಲೇ ಅಪ್ಪ ಹೋದ್ರು, ಮಾರನೇ ವರ್ಷ ಅಮ್ಮ ಓಪಿಕ್ ಅನ್ನೋ ಸೇನಾಧಿಕಾರಿನ ಮದುವೆಯಾದ್ರು. 21 ತುಂಬಿದಾಗ ಅಪ್ಪನ ಆಸ್ತಿ ಕೈಗೆ ಬಂತು, ಸುಮಾರು ಒಂದು ಲಕ್ಷ ಫ್ರಾಂಕ್. ಆ ಕಾಲಕ್ಕೆ ಅದರ ಬಡ್ಡೀಲೇ ಕೂತು ಜೀವನ ಮಾಡಬಹುದಿತ್ತು. ಈ ಹುಡುಗ ಸೇನ್ ನದಿ ಮಧ್ಯದ ಸೇಂಟ್ ಲೂಯಿ ದ್ವೀಪದಲ್ಲಿ ಒಂದು ಹಳೇ ಬಂಗಲೇಲಿ ರೂಮು ಹಿಡಿದು, ಅದೇ ಬಂಗಲೇಲಿ ಹಳೇ ಸಾಮಾನು ಮಾರೋ ಅರೊಂದೆಲ್ ಅನ್ನೋನ ಹತ್ರ ಚಿತ್ರಗಳು, ಪೀಠೋಪಕರಣ ಎಲ್ಲಾ ಸಾಲಕ್ಕೆ ಕೊಂಡು, ದರ್ಜಿ ಹತ್ರ ಕೋಟಿನ ಮೇಲೆ ಕೋಟು ಹೊಲಿಸಿ, ಎರಡೇ ವರ್ಷಕ್ಕೆ ಅರ್ಧದಷ್ಟು ಕರಗಿಸಿಬಿಟ್ಟ. 1844ರಲ್ಲಿ ಮನೆಯವರು ಕೋರ್ಟಿಗೆ ಹೋಗಿ ಉಳಿದ ದುಡ್ಡಿಗೆ ಆನ್ಸೆಲ್ ಅನ್ನೋ ನೋಟರಿನ ಕಾವಲು ಕೂರಿಸಿದ್ರು. ಅಲ್ಲಿಂದ ಸಾಯೋವರೆಗೂ, 46 ವಯಸ್ಸಿನವರೆಗೂ, ಈ ಮಹಾಕವಿ ಕಾನೂನಿನ ಲೆಕ್ಕದಲ್ಲಿ ಮೈನರ್ ಹುಡುಗನೇ, ತಿಂಗಳಿಗೆ 200 ಫ್ರಾಂಕ್ ಪಾಕೆಟ್ ಮನಿ. ಹಳೇ ಸಾಲ ಹಂಗೇ ಬೆಳೀತಾ ಹೋಯ್ತು.

ಆಮೇಲೆ ಶುರುವಾಗಿದ್ದು ಮನೆ ಬದಲಾಯಿಸೋದು. ಪ್ಯಾರಿಸ್ ಒಂದರಲ್ಲೇ ಇವನ ವಿಳಾಸಗಳನ್ನ ಎಣಿಸಿದೋರು 40ಕ್ಕೂ ಹೆಚ್ಚು ಕೊಡ್ತಾರೆ. ಹೋಟೆಲ್ಲು, ಬಾಡಿಗೆ ರೂಮು, ಗೆಳೆಯರ ಮನೆ, ಕೆಲವು ಕಡೆ ಬರೀ ಕೆಲವು ವಾರ. ಪುಸ್ತಕ ಒಂದು ಕಡೆ, ಬಟ್ಟೆ ಇನ್ನೊಂದು ಕಡೆ, ಕೈಬರಹ ಬಾಡಿಗೆ ಬಾಕಿಗೆ ಒತ್ತೆ. ಹಗಲು ಹೊತ್ತು ಕೆಫೆಗಳಲ್ಲಿ, ಓದೋ ಕೋಣೆಗಳಲ್ಲಿ, ಬೀದೀಲಿ. ಅಮ್ಮನಿಗೆ ಬರೆದ ಕಾಗದಗಳು ನೂರಾರು ಇವೆ, ಅದರಲ್ಲಿ 1853ರ ಡಿಸೆಂಬರಿನ ಒಂದು ಕಾಗದ ನಾನು ಯಾವಾಗ್ಲೂ ಎತ್ತಿ ತೋರಿಸ್ತೀನಿ. ಹರಿದ ಪ್ಯಾಂಟು, ಗಾಳಿ ತೂರಿ ಬರೋ ಕೋಟಿನೊಳಗೆ ಎರಡು ಶರ್ಟು ಹೆಂಗೆ ಹಾಕ್ಕೋಬೇಕು ಅಂತ ನಂಗೆ ಚೆನ್ನಾಗಿ ಗೊತ್ತು, ತೂತು ಬಿದ್ದ ಬೂಟಿನೊಳಗೆ ಹುಲ್ಲೋ ಕಾಗದವೋ ಹೆಂಗೆ ಸೇರಿಸ್ಬೇಕು ಅಂತಾನೂ ಗೊತ್ತು, ಆದರೆ ಈಗ ಜಾಸ್ತಿ ನಡೆಯೋಕೆ ಭಯ ಆಗ್ತಿದೆ, ಇರೋ ಬಟ್ಟೆ ಇನ್ನೂ ಹರಿದು ಹೋದ್ರೆ ಅಂತ. ಹೆಚ್ಚುಕಮ್ಮಿ ಹೀಗೆ ಬರೀತಾನೆ. ಬೀದಿ ಸುತ್ತೋದಕ್ಕೇ ಹೆಸರಾದ ಕವಿ, ನಡೆಯೋಕೆ ಭಯ ಅಂತಾನೆ! ಶೋಕಿಲಾಲನ ಚಿತ್ರದ ಪಕ್ಕ ಈ ಕಾಗದ ಇಟ್ಟು ನೋಡಿ ನೀವೇ. ಬೆಂಜಮಿನ್ನಿಗೆ ಇದು ಗೊತ್ತಿರಲಿಲ್ಲ ಅಂತಲ್ಲ, ಅವನಿಗೆ ಚೆನ್ನಾಗೇ ಗೊತ್ತಿತ್ತು, ಅವನ ಹೆಸರು ಹೇಳ್ಕೊಂಡು ಬರೆಯೋ ನಾವು ಆಮೆನ ಇಟ್ಕೊಂಡು ಬೂಟು ಬಿಟ್ಟುಬಿಟ್ವಿ.

ಈ ಮನುಷ್ಯ ಬೀದೀಲಿ ಕವಿತೆ ಹೆಂಗೆ ಬರೀತಿದ್ದ ಅನ್ನೋದಕ್ಕೆ ಅವನದೇ ಸಾಕ್ಷಿ ಇದೆ. ಸೂರ್ಯನ ಮೇಲೆ ಒಂದು ಕವಿತೆ ಇದೆ, ಹಳೇ ಬಡಾವಣೆ, ಕಿಟಕಿ ಪರದೆಗಳು ಇಳಿದಿವೆ, ಬಿಸಿಲು ಊರಿನ ಮೇಲೂ ಹೊಲದ ಮೇಲೂ ಬಡೀತಿದೆ, ನಾನೊಬ್ಬನೇ ನನ್ನ ವಿಚಿತ್ರ ಕತ್ತಿವರಸೆ ಅಭ್ಯಾಸಕ್ಕೆ ಹೊರಟೆ, ಮೂಲೆಮೂಲೇಲಿ ಪ್ರಾಸದ ವಾಸನೆ ಹಿಡೀತಾ, ಕಲ್ಲುಹಾಸಿಗೆ ಎಡವಿದಂಗೆ ಪದಗಳಿಗೆ ಎಡವುತಾ, ಎಂದೋ ಕನಸಿದ್ದ ಸಾಲಿಗೆ ಒಂದೊಂದ್ಸಲ ಢಿಕ್ಕಿ ಹೊಡೀತಾ. ಗಮನಿಸಿ, ಇಲ್ಲಿ ಸುಂದರ ದೃಶ್ಯ ನೋಡಿ ಮನಸ್ಸು ತುಂಬಿ ಬರೆದೆ ಅನ್ನೋ ಮಾತೇ ಇಲ್ಲ. ಮೂಸೋದು, ಎಡವೋದು, ಗುದ್ದೋದು. ಇವನಿಗೆ ಬೀದಿ ಅಂದ್ರೆ ಕಾಲಿಗೆ ಸಿಗೋದು, ಕಣ್ಣಿಗೆ ಸಿಗೋದು ಆಮೇಲೆ. ಮೇಜಿನ ಮುಂದೆ ಕೂತು ಬರೆಯೋಕಿಂತ ನಡೀತಾ ತಲೆಯೊಳಗೆ ಸಾಲು ಕಟ್ಟೋದೇ ಇವನ ಅಭ್ಯಾಸ ಅಂತ ಜೊತೆಲಿದ್ದ ಗೆಳೆಯರೂ ನೆನಪಿಸಿಕೊಂಡಿದ್ದಾರೆ, ಮೇಜು ಯಾವ ಮನೇಲಿ ಉಳೀತು ಅಂತ ಅವನಿಗೇ ಗೊತ್ತಿರಲಿಲ್ಲ ಬಿಡಿ.

1857ರ ಜೂನಲ್ಲಿ ಪುಸ್ತಕ ಬಂತು. ಕನ್ನಡದಲ್ಲಿ ಲಂಕೇಶರು 'ಪಾಪದ ಹೂಗಳು' ಅಂತ ತಂದ್ರಲ್ಲ, ಅದರ ಮೂಲ. ಆಗಸ್ಟಿನಲ್ಲಿ ನೀತಿಗೆಟ್ಟ ಪುಸ್ತಕ ಅಂತ ಕೋರ್ಟು, 300 ಫ್ರಾಂಕ್ ದಂಡ, ಆರು ಕವಿತೆ ಕಿತ್ತುಹಾಕಿ ಅಂತ ಆರ್ಡರ್. ಆ ಆರರ ಮೇಲಿನ ನಿಷೇಧ ತೆಗೆದಿದ್ದು 1949ರಲ್ಲಿ. ಕೋರ್ಟಿನ ಕತೆ ಎಲ್ಲಾ ಕಡೆ ಸಿಗುತ್ತೆ, ನಾನು ಅಲ್ಲಿ ನಿಲ್ಲಲ್ಲ. ನನಗೆ ಮುಖ್ಯ ಅನ್ಸೋದು ಕೋರ್ಟು ಮಾಡಿದ ಒಂದು ಉಪಕಾರ. ಆರು ಹೋಯ್ತು ಅಂತ ಅವನು ಹೊಸದಾಗಿ ಬರೆಯೋಕೆ ಕೂತ, 1861ರ ಎರಡನೇ ಮುದ್ರಣಕ್ಕೆ 35 ಹೊಸ ಕವಿತೆ ಸೇರಿಸ್ದ, ಪ್ಯಾರಿಸ್ ಚಿತ್ರಗಳು ಅಂತ ಒಂದು ಪ್ರತ್ಯೇಕ ಭಾಗಾನೇ ಮಾಡ್ದ, 18 ಕವಿತೆಗಳದ್ದು. ಹಂಸ, ಏಳು ಮುದುಕರು, ಪುಟ್ಟ ಮುದುಕಿಯರು, ದಾರೀಲಿ ಹಾದುಹೋದ ಹೆಂಗಸು, ಇವೆಲ್ಲಾ ಈ ಭಾಗದವೇ. ಬೀದಿಯ ಕವಿ ಅಂತ ನಾವು ಯಾರನ್ನ ಕರೀತೀವೋ ಅವನು ಹೆಚ್ಚುಕಮ್ಮಿ ಹುಟ್ಟಿದ್ದೇ ಆ ತೀರ್ಪಿನಿಂದ ಈಚೆಗೆ.

ಆ ಹೊತ್ತಿಗೆ ಬೀದಿಗಳ ಕತೆ ಏನಾಗಿತ್ತು? 1853ರಲ್ಲಿ ಚಕ್ರವರ್ತಿ ಮೂರನೇ ನೆಪೋಲಿಯನ್ ಓಸ್ಮಾನ್ ಅನ್ನೋ ಅಧಿಕಾರಿನ ತಂದು ಪ್ಯಾರಿಸ್ ಮೇಲೆ ಕೂರಿಸಿದ್ದ, 1870ರವರೆಗೂ ಅವನದೇ ದರ್ಬಾರು. ಹಳೇ ಓಣಿಗಳ ಮಧ್ಯೆ ಗೆರೆ ಎಳೆದಂಗೆ ನೇರ ಅಗಲ ರಸ್ತೆಗಳು, ಅಡಿಯಲ್ಲಿ ಚರಂಡಿ, ಬದಿಗೆ ಗ್ಯಾಸ್ ದೀಪ, ಸಾಲು ಮರ. ಊರಿಗೆ ಗಾಳಿ ಬೆಳಕು ಬಂತು ಅನ್ನೋದೂ ನಿಜ, ಸಾವಿರಾರು ಮನೆ ಒಡೆದು ಬಾಡಿಗೆದಾರರನ್ನ ಊರಂಚಿಗೆ ತಳ್ಳಿದ್ದೂ ನಿಜ. ಎಂ.ಜಿ. ರೋಡಿನ ಒಂದು ಬದೀಲಿದ್ದ ನೆರಳಿನ ಕಾಲುದಾರಿ ಮೆಟ್ರೋಗೆ ಹೋದಾಗ ನಾವೆಲ್ಲಾ ಎಷ್ಟು ಒದ್ದಾಡಿದ್ವಿ, ನೆನಪಿದೆಯಲ್ಲ, ಅಂಥದ್ದು ಹದಿನೇಳು ವರ್ಷ ದಿನಾ ನಡೀತು ಅಂತ ಇಟ್ಕೊಳ್ಳಿ. ಬೋದಿಲೇರ್ ಹುಟ್ಟಿದ ಓತ್‌ಫೆಯ್ ಬೀದಿಯ ಮನೇನೂ ಸೇಂಟ್ ಜರ್ಮೆನ್ ಬುಲೆವಾರ್ಡ್ ಅನ್ನೋ ಅಗಲ ರಸ್ತೆ ಮಾಡೋವಾಗ ಹೋಯ್ತು, ಈಗ ಅಲ್ಲಿ ಒಂದು ಫಲಕ ಇದೆ.

ಹಂಸದ ಕವಿತೆಗೆ ಬರ್ತೀನಿ, ನಾನು ಇವತ್ತು ಬಂದಿದ್ದೇ ಇದಕ್ಕೆ. ಲೂವ್ರ್ ಅರಮನೆ ಪಕ್ಕ ಕಾರುಸೆಲ್ ಅನ್ನೋ ಚೌಕ ಇದೆ. ಈಗ ಹೋದ್ರೆ ಬಟಾಬಯಲು, ಟೂರಿಸ್ಟುಗಳು. ಮೊದಲು ಅಲ್ಲಿ ಒತ್ತೊತ್ತಾದ ಒಂದು ಹಳೇ ಕೇರಿ ಇತ್ತು, 1830ರ ದಶಕದಲ್ಲಿ ಕವಿಗಳು, ಚಿತ್ರಕಾರರು ಕಮ್ಮಿ ಬಾಡಿಗೆ ಅಂತ ಅಲ್ಲಿರ್ತಿದ್ರು, ಹಳೇ ಸಾಮಾನು ಮಾರೋರ ಶೆಡ್ಡುಗಳು, ಹಕ್ಕಿ ಪ್ರಾಣಿ ಮಾರೋರು ಎಲ್ಲಾ ಇದ್ರು. 1850ರ ದಶಕದ ಶುರುವಲ್ಲಿ ಎಲ್ಲಾ ನೆಲಸಮ. ಇವನು ಆ ಹೊಸ ಚೌಕ ದಾಟ್ತಾ ಇದ್ದಾನೆ, ಯಾಕೋ ಟ್ರಾಯ್ ಯುದ್ಧದ ಅಂಡ್ರೊಮಾಕಿ ನೆನಪಾಗ್ತಾಳೆ, ಗಂಡ ಸತ್ತು, ಊರು ಸುಟ್ಟು, ಶತ್ರುವಿನ ಊರಲ್ಲಿ ಸೆರೆಯಾಗಿರೋಳು. ಹಂಗೇ ಆ ಜಾಗದಲ್ಲೇ ಹಿಂದೊಂದು ದಿನ ಬೆಳಿಗ್ಗೆ ನೋಡಿದ್ದು ನೆನಪಾಗುತ್ತೆ. ಕಸ ಗುಡಿಸೋರು ಧೂಳೆಬ್ಬಿಸೋ ಹೊತ್ತು, ಪಂಜರದಿಂದ ತಪ್ಪಿಸ್ಕೊಂಡ ಒಂದು ಹಂಸ, ಜಾಲಪಾದ ಒಣ ಕಲ್ಲಿಗೆ ಉಜ್ಜುತಾ, ಬಿಳೀ ರೆಕ್ಕೆ ನೆಲಕ್ಕೆ ಎಳೀತಾ, ನೀರಿಲ್ಲದ ಮೋರಿ ಹತ್ರ ಹೋಗಿ ಕೊಕ್ಕು ತೆರೀತು. ಮಳೆ ಯಾವಾಗ ಬರ್ತೀಯ, ಸಿಡಿಲು ಯಾವಾಗ ಗುಡುಗ್ತೀಯ ಅಂತ ದೇವರನ್ನೇ ಬೈಯ್ಯೋ ಥರ ಕತ್ತು ಮೇಲೆತ್ತಿ. ಇದರ ಮಧ್ಯೆ ಕಂಸದೊಳಗೆ ಒಂದು ಮಾತು ಬರುತ್ತೆ, ಹಳೇ ಪ್ಯಾರಿಸ್ ಇಲ್ಲ ಈಗ, ಅಯ್ಯೋ, ಮನುಷ್ಯನ ಎದೆಗಿಂತ ಬೇಗ ಬದಲಾಗುತ್ತೆ ಊರಿನ ರೂಪ ಅಂತ.

ಈ ಸಾಲನ್ನ ಪಾಪ ಎಲ್ಲಾ ಕಡೆ ಬಳಸಿ ಬಳಸಿ ಸವೆಸಿಬಿಟ್ಟಿದ್ದಾರೆ, ಹಳೇ ಫೋಟೋ ಹಾಕಿ ಕೆಳಗೆ ಇದನ್ನ ಬರೆದ್ರೆ ಮುಗೀತು. ಆದರೆ ಕವಿತೆ ಹಳೇ ಪ್ಯಾರಿಸ್ಸಿಗೋಸ್ಕರ ಅಳ್ತಾ ನಿಲ್ಲಲ್ಲ. ಮುಂದಕ್ಕೆ ಹೋಗುತ್ತೆ. ಕ್ಷಯ ಹಿಡಿದು ಬಡಕಲಾದ ಒಬ್ಬ ಕಪ್ಪು ಹೆಂಗಸು, ಕೆಸರಲ್ಲಿ ಕಾಲೆಳೀತಾ, ಮಂಜಿನ ದೊಡ್ಡ ಗೋಡೆ ಆಚೆ ಆಫ್ರಿಕಾದ ಇಲ್ಲದ ತೆಂಗಿನ ಮರಗಳನ್ನ ಹುಡುಕ್ತಾ ಇದ್ದಾಳೆ. ಆಮೇಲೆ ಅನಾಥ ಮಕ್ಕಳು, ದ್ವೀಪದಲ್ಲಿ ಮರೆತುಹೋದ ನಾವಿಕರು, ಸೆರೆಯಾದೋರು, ಸೋತೋರು, ಇನ್ನೂ ಎಷ್ಟೋ ಜನ ಅಂತ ಅಂದು ಅಲ್ಲಿಗೆ ಬಿಟ್ಟುಬಿಡ್ತಾನೆ. ಕವಿತೆ ಅರ್ಪಿಸಿರೋದು ವಿಕ್ಟರ್ ಹ್ಯೂಗೋಗೆ, ಅವನು ಆಗ ಮೂರನೇ ನೆಪೋಲಿಯನ್ನನ ವಿರೋಧ ಕಟ್ಕೊಂಡು ಗೆರ್ನ್ಸಿ ದ್ವೀಪದಲ್ಲಿ ದೇಶಭ್ರಷ್ಟ.

ಆ ತೆಂಗಿನ ಮರದ ಬಗ್ಗೆ ಒಂದು ಅಡ್ಡಕತೆ ಹೇಳಲೇಬೇಕು, ನಮ್ಮ ಕಡೆ ಸಮುದ್ರಕ್ಕೂ ಸಂಬಂಧ ಇದೆ ಅದಕ್ಕೆ. 1841ರಲ್ಲಿ, ಇವನಿಗೆ 20 ವರ್ಷ, ಹುಡುಗ ಕೆಡ್ತಿದ್ದಾನೆ ಅಂತ ಮಲತಂದೆ ಇವನನ್ನ ಬೋರ್ಡೋ ಬಂದರಲ್ಲಿ ಹಡಗು ಹತ್ತಿಸಿ ಕಳಿಸಿದ್ದು ಎಲ್ಲಿಗೆ ಗೊತ್ತಾ, ಕಲ್ಕತ್ತಾಗೆ. ಬಿರುಗಾಳಿಗೆ ಸಿಕ್ಕಿ ಹಡಗು ಜಖಂ ಆಗಿ ಮಾರಿಷಸ್ಸಲ್ಲಿ ನಿಂತಿತು, ಅಲ್ಲಿಂದ ಪಕ್ಕದ ದ್ವೀಪಕ್ಕೆ ಹೋಗಿ, ನಾನು ಮುಂದೆ ಬರಲ್ಲ ಅಂತ ಹಟ ಹಿಡಿದು ವಾಪಸ್ಸಾದ. ಆಮೇಲೆ ಪ್ಯಾರಿಸ್ಸಲ್ಲಿ ಎಷ್ಟೋ ಜನರ ಹತ್ರ ಇಂಡಿಯಾ ನೋಡ್ಕೊಂಡು ಬಂದೆ ಅಂತ ಬುರುಡೆ ಬಿಟ್ಟಿದ್ದಾನೆ, ಇರ್ಲಿ. ಆ ಪ್ರಯಾಣದ ಗುರುತಾಗಿ 1846ರಲ್ಲಿ ಒಂದು ಕವಿತೆ ಅಚ್ಚಾಯ್ತು, ಈಗ ನಾವು 'ಮಲಬಾರಿನ ಹೆಂಗಸಿಗೆ' ಅಂತ ಓದೋದು ಅದನ್ನೇ. ಧಣಿಯ ಚುಟ್ಟಾ ಕೊಳವೆ ಹಚ್ಚೋಳು, ಸೊಳ್ಳೆ ಓಡಿಸೋಳು, ಬೆಳಿಗ್ಗೆ ಎದ್ದು ಬಜಾರಿಗೆ ಹೋಗಿ ಅನಾನಸ್ಸು ಬಾಳೆಹಣ್ಣು ತರೋಳು, ನೀನ್ಯಾಕಮ್ಮಾ ನಮ್ಮ ಫ್ರಾನ್ಸಿಗೆ ಬರ್ಬೇಕು ಅಂತೀಯ, ಬಂದ್ರೆ ಚಳೀಲಿ ನಡುಗ್ತಾ ನಮ್ಮ ಕೊಳಕು ಮಂಜಿನೊಳಗೆ ಇಲ್ಲದ ತೆಂಗಿನ ಮರಗಳ ದೆವ್ವ ಹುಡುಕ್ತೀಯ ಅಂತ ಆ ಕವಿತೆ ಮುಗಿಯುತ್ತೆ. ಹದಿನಾಲ್ಕು ವರ್ಷದ ಮೇಲೆ ಹಂಸದ ಕವಿತೇಲಿ ಅದೇ ಮಂಜು, ಅದೇ ಇಲ್ಲದ ತೆಂಗಿನ ಮರ, ಹೆಂಗಸು ಮಾತ್ರ ಆಫ್ರಿಕಾದೋಳಾಗಿದ್ದಾಳೆ. ಮೊದಲನೇ ಕವಿತೇಲಿ ಹಡಗಿಂದ ಇಳಿದ ಹುಡುಗ ಎಚ್ಚರಿಕೆ ಹೇಳ್ತಿದ್ದಾನೆ, ಅದರಲ್ಲಿ ಒಂಚೂರು ಯಜಮಾನಿಕೆ ಧಾಟೀನೂ ಇದೆ, ನಂಗೆ ಅಷ್ಟು ಇಷ್ಟ ಆಗಲ್ಲ. ಎರಡನೇದರಲ್ಲಿ ಅವಳು ಆಗಲೇ ಬಂದುಬಿಟ್ಟಿದ್ದಾಳೆ, ಅದೇ ಬೀದಿ ಕೆಸರಲ್ಲಿ ಇವನ ಹಂಗೇ ಕಾಲು ಹಾಕ್ತಿದ್ದಾಳೆ. ಮಧ್ಯದಲ್ಲಿ ಆಗಿದ್ದೇನು ಅಂದ್ರೆ ನನ್ನ ಉತ್ತರ ಆ ನಲವತ್ತು ಚಿಲ್ಲರೆ ವಿಳಾಸಗಳು, ಕಾಗದ ತುಂಬಿದ ಬೂಟು. ಮನೆ ಇಲ್ಲದೋನ ಕಣ್ಣಿಗೆ ಮನೆ ಇಲ್ಲದೋರು ಕಾಣೋಕೆ ಶುರುವಾದ್ರು.

ಆ ಭಾಗದ ಬೇರೆ ಕವಿತೆಗಳನ್ನ ಈ ಕಣ್ಣಲ್ಲಿ ಓದಿ. ಪುಟ್ಟ ಮುದುಕಿಯರ ಕವಿತೇಲಿ ಇವನು ಮುದುಕಿಯರ ಹಿಂದೆ ಹಿಂದೆ ಹೋಗ್ತಾನೆ, ಬಸ್ಸುಗಾಡಿಗಳ ಸದ್ದಿಗೆ ಬೆಚ್ಚಿಬೀಳೋ, ಗೊಂಬೆ ಥರ ಕುಕ್ಕರಿಸಿ ನಡೆಯೋ ಮುದುಕಿಯರು. ಎಷ್ಟೋ ಮುದುಕಿಯರ ಶವಪೆಟ್ಟಿಗೆ ಮಕ್ಕಳದರಷ್ಟೇ ಚಿಕ್ಕದಿರುತ್ತೆ ಗಮನಿಸಿದ್ದೀರಾ ಅಂತ ಕೇಳಿ, ಇವರ ವಕ್ರ ಕೈಕಾಲು ನೋಡಿದ್ರೆ ಬಡಗಿ ಪೆಟ್ಟಿಗೆ ಅಳತೆ ಎಷ್ಟು ಸಲ ಬದಲಾಯಿಸ್ಬೇಕೋ ಅಂತ ಲೆಕ್ಕ ಹಾಕ್ತಾನೆ. ಕ್ರೂರ ಅನ್ಸುತ್ತಾ? ಸ್ವಲ್ಪ ಕ್ರೂರವೇ. ಆದರೆ ಅವರಲ್ಲಿ ಒಬ್ಬಳು ಸಂಜೆ ಪಾರ್ಕಿನ ಬೆಂಚಲ್ಲಿ ಕೂತು ಮಿಲಿಟರಿ ಬ್ಯಾಂಡು ಕೇಳೋದನ್ನ ಬರೆಯೋವಾಗ ಅವಳ ಬೆನ್ನು ನೆಟ್ಟಗಾಗೋದನ್ನೂ ಇವನೇ ನೋಡಿರೋದು, ದೂರದಿಂದ, ಅಪ್ಪನ ಥರ, ಅವಳಿಗೆ ಗೊತ್ತಾಗದಂಗೆ. ಚಿಂದಿ ಆಯುವವರ ಬಗ್ಗೆ 1851ರಲ್ಲೇ ಗದ್ಯದಲ್ಲಿ ಬರೆದಿದ್ದ, ಈ ಮಹಾನಗರ ಎಸೆದಿದ್ದು, ಕಳ್ಕೊಂಡಿದ್ದು, ಕಾಲಲ್ಲಿ ತುಳಿದಿದ್ದು ಎಲ್ಲಾನೂ ಚಿಂದಿ ಆಯೋನು ಪಟ್ಟಿ ಮಾಡಿ ಕೂಡಿಡ್ತಾನೆ ಅಂತ. ತನ್ನ ಕಸುಬಿನ ಬಗ್ಗೇನೇ ಹೇಳ್ತಿದ್ದಾನೆ ಅಂತ ಬೆಂಜಮಿನ್ ಅಂದಿದ್ದು ಸರಿಯಾಗೇ ಇದೆ.

ಇನ್ನು ಆ ಹಾದುಹೋದ ಹೆಂಗಸು. ಕಿವಿ ಕಿತ್ತುಹೋಗೋ ಬೀದಿ, ಎತ್ತರದ ತೆಳ್ಳಗಿನ ಹೆಂಗಸು ಸಂಪೂರ್ಣ ಶೋಕದ ಕಪ್ಪು ಬಟ್ಟೇಲಿ, ಒಂದು ಕೈಲಿ ಲಂಗದ ಅಂಚು ಎತ್ತಿಕೊಂಡು ಹಾದುಹೋಗ್ತಾಳೆ, ಒಂದು ಮಿಂಚು, ಆಮೇಲೆ ಕತ್ತಲು. ನಾನು ನಿನ್ನ ಪ್ರೀತಿಸಿರ್ತಿದ್ದೆ, ನಿಂಗೂ ಅದು ಗೊತ್ತಿತ್ತು ಅಂತ ಹದಿನಾಲ್ಕನೇ ಸಾಲಿಗೆ ಮುಗೀತು. ನಮ್ಮ ಪ್ರೇಮಕವಿತೆಗಳಲ್ಲಿ ಹುಡುಗಿಗೆ ಒಂದು ಊರಿರುತ್ತೆ, ಯಾರ ಮಗಳು ಅಂತ ಗೊತ್ತಿರುತ್ತೆ, ಅವಳು ಬಾವಿಗೆ ಬರೋ ಹೊತ್ತೂ ಗೊತ್ತಿರುತ್ತೆ. ಇಲ್ಲಿ ಏನೂ ಇಲ್ಲ, ವಿಳಾಸ ಇಲ್ಲ. ಹತ್ತು ಲಕ್ಷಕ್ಕೂ ಮೀರಿದ ಜನರ ಊರಲ್ಲಿ ಮಾತ್ರ ಆಗಬಹುದಾದ ಪ್ರೀತಿ ಇದು, ಇಂಥದ್ದಕ್ಕೂ ಸಾನೆಟ್ ಆಗೋ ಯೋಗ್ಯತೆ ಇದೆ ಅಂತ ಇವನಿಗೆ ಹೊಳೀತಲ್ಲ, ಅದು ದೊಡ್ಡದು.

1860 ದಾಟಿದ ಮೇಲೆ ಇವನು ಛಂದಸ್ಸು ಬಿಟ್ಟು ಗದ್ಯಕವಿತೆಗೆ ಹೆಚ್ಚು ತಿರುಗಿದ, ಸತ್ತ ಮೇಲೆ 1869ರಲ್ಲಿ 50 ಒಟ್ಟಿಗೆ ಬಂದ್ವು. ದೊಡ್ಡ ಊರುಗಳಲ್ಲಿ ಓಡಾಡಿದ್ದರಿಂದಲೇ ಇಂಥ ಗದ್ಯದ ಆಸೆ ಹುಟ್ಟಿತು ಅಂತ ಅವನೇ ಮುನ್ನುಡಿ ಕಾಗದದಲ್ಲಿ ಬರೆದಿದ್ದಾನೆ. ಇಲ್ಲಿ ನಂದೊಂದು ಊಹೆ, ಒಪ್ಪಬೇಕಾಗಿಲ್ಲ. ಹಳೇ ಓಣೀಲಿ ಹೆಜ್ಜೆಗೆ ಹೆಜ್ಜೆ ಸೇರಿಸಿ ಹನ್ನೆರಡು ಅಕ್ಷರದ ಸಾಲು ಕಟ್ಟಬಹುದು. ಹೊಸ ಬುಲೆವಾರ್ಡ್ ದಾಟೋವಾಗ ಆಗಲ್ಲ, ಹೆಜ್ಜೆನೇ ನಮ್ಮ ಕೈಲಿರಲ್ಲ. ಪ್ರಭಾವಳಿ ಕಳ್ಕೊಂಡ ಕವಿಯ ಬಗ್ಗೆ ಒಂದು ಪುಟ್ಟ ಗದ್ಯ ಇದೆ, ಓದಿದ್ರೆ ನಗು ತಡ್ಯಕ್ಕಾಗಲ್ಲ. ಕವಿ ಬುಲೆವಾರ್ಡ್ ದಾಟ್ತಾ ಇದ್ದ, ಎಲ್ಲಾ ಕಡೆಯಿಂದ ಸಾವು ನಾಗಾಲೋಟದಲ್ಲಿ ಬರೋ ಗಾಡಿಗಳ ನಡುವೆ, ಕೆಸರಲ್ಲಿ ಎಗರ್ತಾ, ಆ ಅವಸರಕ್ಕೆ ತಲೆ ಹಿಂದಿನ ಪ್ರಭಾವಳಿ ಜಾರಿ ಜಲ್ಲಿರಸ್ತೆ ಕೆಸರಿಗೆ ಬಿತ್ತು. ಎತ್ತಿಕೊಳ್ಳೋಕೆ ಧೈರ್ಯ ಸಾಲಲಿಲ್ಲ, ಮೂಳೆ ಮುರ್ಕೊಳ್ಳೋಕಿಂತ ಬಿರುದು ಹೋದ್ರೆ ಹೋಗ್ಲಿ ಅಂದ್ಕೊಂಡೆ ಅಂತಾನೆ. ಈಗ ಯಾರಿಗೂ ಗುರುತು ಸಿಗದಂಗೆ ಎಲ್ಲಿ ಬೇಕಾದ್ರೂ ಓಡಾಡಬಹುದು, ಯಾವನಾದ್ರೂ ಕಳಪೆ ಕವಿ ಅದನ್ನ ಎತ್ತಿ ತಲೆಗೆ ಹಾಕ್ಕೋತಾನೆ, ಎಂಥಾ ಮಜಾ ಅಂತಾನೆ. ಇದನ್ನ ಛಂದಸ್ಸಲ್ಲಿ ಬರೆದಿದ್ರೆ ಪ್ರಭಾವಳಿ ಬೀಳ್ತಾನೇ ಇರಲಿಲ್ಲ ಅಂತ ನಂಗನ್ಸುತ್ತೆ.

ಇನ್ನೊಂದು, ಬಡವರ ಕಣ್ಣುಗಳ ಬಗ್ಗೆ ಇರೋದು. ಹೊಸ ಬುಲೆವಾರ್ಡಿನ ಮೂಲೇಲಿ ಹೊಸ ಕೆಫೆ, ರಸ್ತೇಲಿ ಇನ್ನೂ ಕಲ್ಲುಮಣ್ಣು ಬಿದ್ದಿದೆ, ಒಳಗೆ ಗ್ಯಾಸ್ ದೀಪ ಧಗಧಗ. ಇವನೂ ಪ್ರೇಯಸೀನೂ ಕೂತಿದ್ದಾರೆ, ಎದುರಿಗೆ ರಸ್ತೇಲಿ ಗಡ್ಡ ನರೆತ ಒಬ್ಬ ಅಪ್ಪ, ಕೈಲೊಂದು ಮಗು, ತೋಳಲ್ಲೊಂದು, ಮೂರೂ ಜನ ಚಿಂದಿ ಬಟ್ಟೇಲಿ ಒಳಗಿನ ಬೆಳಕನ್ನೇ ನೋಡ್ತಾ ನಿಂತಿದ್ದಾರೆ. ಇವನಿಗೆ ನಮ್ಮ ಮುಂದಿನ ಲೋಟಗಳು ಬಾಯಾರಿಕೆಗಿಂತ ದೊಡ್ಡದಾದ್ವು ಅಂತ ನಾಚಿಕೆ, ಅವಳಿಗೆ ಇವರನ್ನ ಆ ಕಡೆ ಕಳಿಸೋಕೆ ಮ್ಯಾನೇಜರಿಗೆ ಹೇಳಬಾರದಾ ಅನ್ನೋ ಕಿರಿಕಿರಿ. ಇದರ ಬಗ್ಗೆ ಅಮೆರಿಕದ ಲೇಖಕ ಮಾರ್ಷಲ್ ಬರ್ಮನ್ ಒಂದು ಒಳ್ಳೇ ಮಾತು ಬರೆದಿದ್ದಾನೆ, ಓಸ್ಮಾನ್ ಕೇರಿ ಒಡೆದಿದ್ದರಿಂದಲೇ ಅಲ್ಲಿನೋರು ಬೆಳಕಿಗೆ ಬಂದ್ರು, ರಸ್ತೆ ಮಾಡಿದ್ದೇ ಇವರನ್ನ ಕೆಫೆ ಗಾಜಿನ ಮುಂದೆ ತಂದು ನಿಲ್ಲಿಸ್ತು ಅಂತ. ನಾನು ಸೇರಿಸೋದಿಷ್ಟೇ, ಆ ಗಾಜಿನ ಎರಡೂ ಕಡೆ ನಿಂತು ಗೊತ್ತಿರೋನು ಬರೆದಿದ್ದು ಅದು.

1864ರಲ್ಲಿ ಸಾಲ ಕೊಟ್ಟೋರಿಂದ ತಪ್ಪಿಸ್ಕೊಂಡು, ಭಾಷಣ ಮಾಡಿ ದುಡ್ಡು ಮಾಡೋಣ ಅಂತ ಬ್ರಸೆಲ್ಸಿಗೆ ಹೋದ. ಭಾಷಣ ಫ್ಲಾಪ್ ಆಯ್ತು. ನಮ್ಮಂಥ ಭಾಷಣಕಾರರಿಗೆ ಸಮಾಧಾನದ ವಿಷಯ ಅದು. ಅಲ್ಲಿ ಕೂತು ಬೆಲ್ಜಿಯಮ್ಮಿಗೆ ಬೈದು ಬರೆದ ಟಿಪ್ಪಣಿಗಳಲ್ಲಿ ಒಂದು ದೂರು, ಅಂಗಡಿಗಳಲ್ಲಿ ಸಾಮಾನು ಹೊರಗೆ ಕಾಣೋ ಹಂಗೆ ಇಟ್ಟಿಲ್ಲ, ನೋಡ್ತಾ ಸುತ್ತೋ ಸುಖಾನೇ ಈ ಊರಲ್ಲಿಲ್ಲ ಅಂತ. 1866ರಲ್ಲಿ ನಾಮೂರ್ ಊರಿನ ಒಂದು ಚರ್ಚ್ ನೋಡೋಕೆ ಹೋದಾಗ ಕುಸಿದುಬಿದ್ದ, ಸ್ವಲ್ಪ ದಿನಕ್ಕೇ ಮಾತು ಹೋಯ್ತು, ಪ್ಯಾರಿಸ್ಸಿಗೆ ಕರ್ಕೊಂಡು ಬಂದ್ರು, 1867ರ ಆಗಸ್ಟ್ 31ಕ್ಕೆ ತೀರ್ಕೊಂಡ. ಮೋಂಪರ್ನಾಸ್ ಸ್ಮಶಾನದಲ್ಲಿ ಮಣ್ಣು ಮಾಡಿದ್ದು ಮಲತಂದೆಯ ಗೋರಿಯಲ್ಲೇ. 1848ರ ಕ್ರಾಂತಿ ಟೈಮಲ್ಲಿ ಬಂದೂಕು ಹಿಡ್ಕೊಂಡು ಬೀದಿಗಿಳಿದು ಜನರಲ್ ಓಪಿಕ್‌ಗೆ ಗುಂಡು ಹಾಕೋಣ ನಡೀರಿ ಅಂತ ಕೂಗಾಡಿದ್ದ ಅಂತ ಗೆಳೆಯನೊಬ್ಬ ನೆನಪಿಸಿಕೊಂಡಿದ್ದಾನಲ್ಲ, ಅದೇ ಓಪಿಕ್. ಕಲ್ಲಿನ ಮೇಲೆ ಜನರಲ್ ಸಾಹೇಬರ ಪದವಿಗಳೆಲ್ಲಾ ಇವೆ, ಇವನ ಹೆಸರಿನ ಮುಂದೆ ಅವರ ಮಲಮಗ, ಇಷ್ಟು ವಯಸ್ಸಿಗೆ ತೀರ್ಕೊಂಡ, ಅಷ್ಟೇ.

ಎಲ್ಲಿಂದ ಓದೋಕೆ ಶುರು ಮಾಡ್ಲಿ ಅಂತ ಕೆಲವರು ಕೇಳಿದ್ರಿ. ನನ್ನ ಕೇಳಿದ್ರೆ ಗದ್ಯಕವಿತೆಗಳಿಂದ ಶುರು ಮಾಡಿ, ಪ್ರಭಾವಳಿದು ಒಂದು ಪುಟ ಅಷ್ಟೇ, ಕಣ್ಣುಗಳದ್ದು ಎರಡು ಪುಟ. ಆಮೇಲೆ ಪುಟ್ಟ ಮುದುಕಿಯರು. ಹಂಸಕ್ಕೆ ಹೋಗೋ ಮೊದಲು ಮಲಬಾರಿನ ಹೆಂಗಸಿನ ಕವಿತೆ ಒಂದ್ಸಲ ಓದ್ಕೊಳ್ಳಿ, ಎರಡನ್ನೂ ಒಂದೇ ದಿನ ಓದಿದ್ರೆ ಒಳ್ಳೇದು. ಅನುವಾದ ಎರಡು ಮೂರು ಇಟ್ಕೊಂಡು ಹೋಲಿಸಿ, ಒಂದೇ ಅನುವಾದ ನಂಬ್ಕೊಂಡು ಕೂರ್ಬೇಡಿ.